ಬಿಡು ಎಂಬ ಎರಡಕ್ಷರ

ಅಪ್ಪಾ,

ನೀನು ಓದುವುದಿಲ್ಲ, ಗೊತ್ತು. ಆದರೂ ಹೇಳದೆ ಇರಲಾರೆ. ಬಸ್ಸು ಓಡಿಸುವ ಪರೀಕ್ಷೆ ಪಾಸಾದೆ!

ಏರಿನ ನಡುವೆ ನಿಲ್ಲಿಸಿ ಮತ್ತೆ ಹೊರಡಬೇಕಿತ್ತು. ಎಂಜಿನ್ ಆಫಾಗಿ ಬಸ್ಸು ಹಿಂದಕ್ಕೆ ಜಾರಿತು. "ಶಾಲೆ ಬಿಟ್ಟ ಹಾಗೆ ಇದನ್ನೂ ಅರ್ಧಕ್ಕೇ ಬಿಡ್ತೀಯೇನಮ್ಮಾ?" ಎಂದು ಪರೀಕ್ಷಕರು ನನ್ನ ಅರ್ಜಿ ನೋಡುತ್ತಾ ನಕ್ಕರು. "ಇದೇ ಕೊನೇ ಚಾನ್ಸು."

ಶಾಲೆ ಬಿಟ್ಟ ದಿನ ನೀನು ಹೇಳಿದ್ದು "ಬಿಡು" ಎಂದಷ್ಟೇ. ನೀನು ನನ್ನ ಕೈಬಿಟ್ಟೆ ಎಂದು ಮುನಿದಿದ್ದೆ. ಆದರೆ ಮೊದಲ ಸಲ ಸ್ಟೀರಿಂಗ್ ಹಿಡಿಸಿದಾಗಲೂ ನೀನು ಅಂದದ್ದು ಅದನ್ನೇ: "ಬಿಡು, ಮಗಳೇ!"

ಇವತ್ತು ನಾನೂ ಹಾಗೇ ಕೂಗಿದೆ. ಹೆದರಿಕೆ ಬಿಟ್ಟೆ, ಕ್ಲಚ್ ಬಿಟ್ಟೆ, ಬಸ್ಸು ಬಿಟ್ಟೆ. ಗುಡುಗುತ್ತಾ ಏರು ಹತ್ತಿತು! ಪರೀಕ್ಷಕರು ಕಂಬಿ ಹಿಡಿದು, "ಸಾಕು, ನಿಲ್ಸಮ್ಮಾ!" ಎಂದರು.

ನೀನು ಹೋದಮೇಲೆ ಶೆಡ್ಡಿನಲ್ಲೇ ನಿಂತಿರುವ ನಿನ್ನ ಬಸ್ಸು ಸೋಮವಾರದಿಂದ ನನ್ನದು. ಸೀಟನ್ನು ಮಾತ್ರ ಕೊಂಚ ಮುಂದಕ್ಕೆ ಎಳೆದುಕೊಳ್ಳಬೇಕು. ನಿನ್ನ ಕಾಲು ಉದ್ದ.