ಕಂಬಿಗೆ ಹೆಣೆದ ಕೆಂಪು ಅಂಗಿ

ಸಲಮಿನಾ, ಕೊಲಂಬಿಯಾ
14 ನವೆಂಬರ್ 2009

ಪ್ರೀತಿಯ ರೊಸಾಲ್ಬಾ ಅಕ್ಕಾ,

ನಿನ್ನ ಮಂಡಿ ನೋವು ಹೇಗಿದೆ? ಪೆರೇರಾದ ಸೆಕೆಗೆ ಕಾಲು ಊದುವುದು ಕಡಿಮೆಯಾಯಿತೇ? ಕಿವಿಯ ಯಂತ್ರವನ್ನು ಮತ್ತೆ ಡ್ರಾಯರಿನಲ್ಲಿ ಮಲಗಿಸಿದ್ದೀಯೆಂದು ನಿನ್ನ ಮಗಳು ದೂರು ಹೇಳಿದಳು. ಅದಕ್ಕೇ ಫೋನು ಬಿಟ್ಟು ಕಾಗದ ಬರೆಯುತ್ತಿದ್ದೇನೆ. ಕಿರುಚಿ ಹೇಳುವ ಸುದ್ದಿಯೂ ಇದಲ್ಲ.

ನಮ್ಮ ಮನೆಯವರು ಇನ್ನೂ ಎದ್ದಿಲ್ಲ. ಬಾತ್‌ರೂಮಿನಲ್ಲಿ ಬಿದ್ದಂದಿನಿಂದ ಅರ್ಸೆಸಿಯೊ ಗೋಡೆಗೆ ಮುಖ ಮಾಡಿ ಮಲಗಿಬಿಟ್ಟಿದ್ದಾರೆ. ಸೊಂಟದ ಮೂಳೆ ಮುರಿದಿದೆ, ಈ ಹೃದಯ ಇಟ್ಟುಕೊಂಡು ಆಪರೇಷನ್ ತಡೆಯಲಾರರು ಎಂದು ಮನಿಸಾಲೆಸ್‌ನ ಡಾಕ್ಟರು ಕೈಚೆಲ್ಲಿದರು. ಬೆಲ್ಲದ ಬಿಸಿ ಪಾನಕವನ್ನು ಚಮಚದಲ್ಲಿ ಕುಡಿಸುತ್ತೇನೆ, ಅರ್ಧ ದಿಂಬಿಗೆ ಹೋಗುತ್ತದೆ. ಹೇಸರಗತ್ತೆಗಳ ಹಿಂದೆ ಬೆಟ್ಟ ಹತ್ತಿಳಿದು ಕಾಫಿ ಮೂಟೆ ಹೊತ್ತ ಮನುಷ್ಯ, ನಾನು ಒದ್ದೆ ಬಟ್ಟೆಯಲ್ಲಿ ಮೈ ಒರೆಸುವಾಗ ನಾಚಿಕೆಯಿಂದ ಕಣ್ಣು ಮುಚ್ಚಿಕೊಳ್ಳುತ್ತಾರೆ. ಬೆಳಗಾದರೆ ಒಂದೇ ಮಾತು: "ಎತ್ತೇ ನನ್ನ, ಬಾತ್‌ರೂಮಿಗೆ ನಾನೇ ಹೋಗ್ತೀನಿ." ನಾನೆಲ್ಲಿಂದ ಎತ್ತಲಿ ಅಕ್ಕಾ? ಅವರು ಇನ್ನು ಏಳುವುದಿಲ್ಲ. ಅದು ನನಗೂ ಗೊತ್ತು, ಅವರಿಗೂ ಗೊತ್ತು.

ಇವರು ಹಿಡಿದುಕೊಂಡು ಓಡಾಡಲೆಂದು ಬಾತ್‌ರೂಮಿನ ಗೋಡೆಗೆ ಆ ಕಂಬಿ ಹಾಕಿಸಲು ಎಷ್ಟು ಒದ್ದಾಡಿದೆ! ನಮ್ಮ ಗೋಡೆಗಳೆಲ್ಲ ಬಿದಿರು, ಮಣ್ಣು, ಕುದುರೆ ಲದ್ದಿ. ಮೇಲೆ ಬಿಳಿ ಟೈಲ್ಸ್ ಅಂಟಿಸಿ ಪೇಟೆಯವರಂತೆ ಮೆರೆಯುತ್ತೇವೆ ಅಷ್ಟೆ. ಮೊದಲ ತೂತು ಕೊರೆದ ಕೂಡಲೇ ಒಂದು ಬೊಗಸೆ ಮಣ್ಣು ಸುರಿಯಿತು. ಮೇಸ್ತ್ರಿ ನಿಕಾನೋರ್ ಟೈಲ್ಸ್ ಒಡೆದು, ಬಿದಿರಿನ ನಡುವೆ ಮರದ ತೊಲೆ ಕೂರಿಸಿ, ಅದಕ್ಕೆ ಬೋಲ್ಟು ಬಿಗಿದ. ಕೊನೆಗೆ ತಾನೇ ಕಾಲೆತ್ತಿ ಕಂಬಿಗೆ ಜೋತುಬಿದ್ದು ತೋರಿಸಿದ. "ನೋಡಮ್ಮಾ, ಹೇಸರಗತ್ತೆ ಕಟ್ಟಿದ್ರೂ ಅಲ್ಲಾಡಲ್ಲ." ಆದರೆ ಇವರಿಗೆ ಹಿಡಿಸಬೇಕಲ್ಲ! "ಇದೇನು ಬಾತ್‌ರೂಮೋ, ಬಸ್ಸೋ? ಟಿಕೆಟ್ಟೂ ಹರಿದು ಕೊಡ್ತೀಯೇನೇ?" ತಣ್ಣನೆಯ ಸ್ಟೀಲು ಮುಟ್ಟಿದರೆ ಆಸ್ಪತ್ರೆಯ ಮಂಚ ಮುಟ್ಟಿದ ಹಾಗಾಗುತ್ತದೆಂದು ಗೋಡೆ ತಡವಿಕೊಂಡೇ ಓಡಾಡಿದರು.

ಆಗ ನಿನ್ನ ಪಾರ್ಸೆಲ್ ಬಂತು. ಕ್ರಿಸ್‌ಮಸ್ ಬಂತೆಂದರೆ ಕಮೋಡಿನ ಮುಚ್ಚಳಕ್ಕೆ, ನೀರಿನ ಟ್ಯಾಂಕಿಗೆ ಬಟ್ಟೆ ಹೆಣೆದು ಕಳಿಸುವವಳು ನೀನು, ಕಂಬಿಯನ್ನು ಬೆತ್ತಲೆ ಬಿಡುತ್ತೀಯಾ? ಕೆಂಪು ನೂಲಿನ ಅಂಗಿಯನ್ನು ಕಂಬಿಗೆ ಸುತ್ತಿ ಹೊಲಿದೆ. ಇವರು ಹೊಟ್ಟೆ ಹಿಡಿದು ನಕ್ಕರು. "ನಿಮ್ಮಕ್ಕನ್ನ ಬಿಟ್ರೆ ಕತ್ತೆಗೂ ಲಂಗ ಹೆಣೀತಾಳೆ ಕಣೇ." ಆದರೆ ಅಂದಿನಿಂದ ಹಿಡಿಯತೊಡಗಿದರು. ಈಗ ಬೆಚ್ಚಗಿದೆ, ಮನೆಯದು ಅನ್ನಿಸುತ್ತದೆ ಎಂದರು. ನನಗೆ ಅದೆಷ್ಟು ನೆಮ್ಮದಿಯಾಗಿತ್ತು, ಅಕ್ಕಾ.

ಈಗ ಊರೆಲ್ಲ ಕಂಬಿ ಕಿತ್ತುಬಂತು, ನಿಕಾನೋರನ ಕೆಲಸವೇ ಅಷ್ಟು ಅನ್ನುತ್ತಿದೆ. ಪಾಪ, ಅವನು ಬಂದು ಕಂಬಿ ಜಗ್ಗಿ ನೋಡಿ ಹೋದ. ಕೇಳಿದವರಿಗೆಲ್ಲ ನಾನು ಸೋಪಿಗೆ ಕಾಲು ಜಾರಿತು ಅನ್ನುತ್ತೇನೆ.

ನಿನ್ನ ಕಾಗದ ನಿನ್ನೆ ತಲುಪಿತು. ನಿನ್ನ ಮಗಳು ನಿನಗೂ ಕಂಬಿ ಹಾಕಿಸಿದ್ದು, ನೀನು ಅದಕ್ಕೆ ನೀಲಿ ಗುಲಾಬಿಯ ಅಂಗಿ ಹೆಣೆದು ತೊಡಿಸಿದ್ದು, ಎಲ್ಲವನ್ನೂ ಇವರಿಗೆ ಓದಿ ಹೇಳಿದೆ. ಗೋಡೆ ಕಡೆಯಿಂದ ತಿರುಗಿ ನನ್ನ ಕೈ ಹಿಡಿದರು. ಕಂಬಿ ಹಿಡಿಯುತ್ತಿದ್ದ ಅದೇ ಬಲಗೈ. ಒಂದು ಹಿಡಿ ಶಕ್ತಿಯೂ ಉಳಿದಿಲ್ಲ ಅದರಲ್ಲಿ.

ಪ್ರಾರ್ಥನೆಗೆ ಕೂತರೆ ಏನು ಕೇಳಬೇಕೋ ತೋಚುವುದಿಲ್ಲ. ನಿನ್ನನ್ನಾದರೂ ಕಾರ್ಮೆನ್ ಮಾತೆ ಕಾಯಲಿ. ಮಗಳಿಗೆ, ಮೊಮ್ಮಕ್ಕಳಿಗೆ ನಮ್ಮಿಬ್ಬರ ಆಶೀರ್ವಾದ.

ನಿನ್ನ ತಂಗಿ,
ಲುಸೆಲಿ

ಮುಖ್ಯ ಮಾತು ಮರೆತಿಲ್ಲ, ಬರೆಯಲು ಕೈ ಬಂದಿರಲಿಲ್ಲ. ಈಗ ಕಾಗದ ಒಯ್ಯುವ ಬಸ್ಸಿನವನು ಹಾರ್ನ್ ಹೊಡೆಯುತ್ತಿದ್ದಾನೆ. ಅಕ್ಕಾ, ಇದನ್ನು ಓದಿದ ಕೂಡಲೇ ಕತ್ತರಿ ತಗೊಂಡು ನಿನ್ನ ಕಂಬಿಯ ಅಂಗಿಯನ್ನು ಕತ್ತರಿಸಿ ತೆಗೆ. ನಮ್ಮ ಕಂಬಿ ಗೋಡೆಯಲ್ಲಿ ಹಾಗೇ ಇದೆ. ಸೋಪಿಗೆ ಕಾಲೂ ಜಾರಲಿಲ್ಲ. ನೂಲು ಒದ್ದೆಯಾಗಿ ಸಡಿಲಾಗಿತ್ತು, ಇವರು ಹಿಡಿದಾಗ ಕೈಯ ಜೊತೆಗೇ ತಿರುಗಿಬಿಟ್ಟಿತು. "ನಿಮ್ಮಕ್ಕನಿಗೆ ಯಾವತ್ತೂ ಗೊತ್ತಾಗ್ಬಾರ್ದು" ಎಂದು ನನ್ನಿಂದ ಆಣೆ ಮಾಡಿಸಿಕೊಂಡಿದ್ದರು. ನಿನ್ನ ಕಾಗದ ಕೇಳಿದ ಮೇಲೆ ಅವರೇ "ಬರಿ, ಈಗ್ಲೇ ಬರಿ" ಅಂದರು. ಅಳುವುದಿದ್ದರೆ ಆಮೇಲೆ ಅಳು. ಮೊದಲು ಅದನ್ನು ತೆಗೆ.