ತೇರ್ಸಿನ ಕೊನೆಯ ಮಾತು

ಲೆನ್ಸನ್‌ಗೆ,

ಫೋನಿನಲ್ಲಿ ಹೇಳಿದರೆ ಅದನ್ನೂ ರೆಕಾರ್ಡ್ ಮಾಡುತ್ತೀ ಎಂದು ಬರೆಯುತ್ತಿದ್ದೇನೆ.

ನಿನ್ನ ಮಿಕ್ಸ್‌ಟೇಪ್ ಎಲ್ಲರಿಗೂ ಹಿಡಿಸಿದೆ. ಪೇಪರಿನಲ್ಲಿ ಫೋಟೋ ಬಂತು. ಇಗರ್ಜಿಯಲ್ಲಿ ನಮ್ಮ ವಾರ್ಡಿನ ಮುಖಂಡರಾದ ಗುರ್ಕಾರರು ಕೂಡ ಪೂಜೆ ಮುಗಿದ ಮೇಲೆ ನನ್ನನ್ನು ಹೊರಗೆ ನಿಲ್ಲಿಸಿ, "ಮಗನ ರ‍್ಯಾಪ್ ಭಾರೀ ಉಂಟು ಐರಿನ್‌ಬಾಯಿ" ಎಂದರು. ಅದರ ಮೂರನೆಯ ಹಾಡು ಶುರುವಾಗುವುದೇ ನನ್ನ ಸ್ವರದಿಂದ ಎಂದು ನನಗೆ ತಿಳಿಸಿದ್ದು ನೀನಲ್ಲ, ಮೀನು ಮಾರುವ ಹೆಂಗಸು.

ದಿನಾ ಸಂಜೆ ತೇರ್ಸ್ ಪ್ರಾರ್ಥನೆ ಮುಗಿಸಿ, "ನಮ್ಮ ಹೆರಾಲ್ಡರ ಕುಡಿತ ಬಿಡಿಸು ದೇವರೇ" ಎಂದು ನಾನು ಬೇಡುತ್ತಿದ್ದೆ. ಪಪ್ಪ ತಲೆ ತಗ್ಗಿಸಿ ಕೇಳುತ್ತಿದ್ದರು. ನೀನೂ ಪಕ್ಕದಲ್ಲೇ ಮೊಣಕಾಲೂರಿರುತ್ತಿದ್ದೆ. ನಿನ್ನ ಕಿಸೆಯಲ್ಲಿ ಫೋನ್ ಅದನ್ನು ರೆಕಾರ್ಡ್ ಮಾಡುತ್ತಿದ್ದದ್ದು ದೇವರಿಗೆ ಮಾತ್ರ ಗೊತ್ತಿತ್ತು.

"ಎಂಥ ಫೀಲ್ ಮಾರಾಯ" ಎಂದು ಜನ ಕಮೆಂಟ್ ಹಾಕಿದ್ದಾರಂತೆ. ಕುದ್ರೋಳಿಯ ಸ್ಟ್ಯಾಂಡಿಗೆ ಪಪ್ಪ ರಿಕ್ಷಾ ತಂದರೆ ಹುಡುಗರು ಆ ಹಾಡನ್ನೇ ದೊಡ್ಡದಾಗಿ ಹಾಕಿ ನಗುತ್ತಾರೆ. ಈಗ ಪಪ್ಪ ಯಾರೂ ಗುರುತಿಸದ ಪಣಂಬೂರಿಗೆ ಹೋಗಿ ಬಾಡಿಗೆಗೆ ಕಾಯುತ್ತಾರೆ. ಕುಡಿತ ಬಿಟ್ಟಿಲ್ಲ.

ನನ್ನ ಸ್ವರ ತೆಗೆದುಹಾಕು ಎನ್ನುವುದಿಲ್ಲ. ಊರೆಲ್ಲ ಕೇಳಿಯಾದ ಮೇಲೆ ತೆಗೆದು ಎಂತ ಪ್ರಯೋಜನ? ವಾಮಂಜೂರಿನ ನಿನ್ನ ರೂಮಿನಲ್ಲಿ ಹೊದೆಯಲು ಏನೂ ಇಲ್ಲ ಎಂದು ನೀನು ಹೇಳಿದ್ದೆ, ಕಂಬಳಿ ಒಗೆದಿಟ್ಟಿದ್ದೇನೆ. ಭಾನುವಾರ ಬಾ. ಫೋನನ್ನು ಹೊರಗೆ ಚಪ್ಪಲಿಯ ಹತ್ತಿರ ಇಟ್ಟು ಒಳಗೆ ಬಾ.

ತೇರ್ಸ್ ನಿಂತಿಲ್ಲ. ಕೊನೆಯ ಆ ಮಾತನ್ನು ಮಾತ್ರ ನಾನೀಗ ಮನಸ್ಸಿನಲ್ಲೇ ಹೇಳುತ್ತೇನೆ, ಬಾಯಿ ಬಿಡುವುದಿಲ್ಲ. ನಿನ್ನೆ ಪಪ್ಪ ಮೊಣಕಾಲೂರಿದಲ್ಲಿಂದ ಏಳದೆ ಸ್ವಲ್ಪ ಹೊತ್ತು ಕಾದರು. ಆಮೇಲೆ ಕೇಳಿದರು: "ನನಗೋಸ್ಕರ ಬೇಡುವುದನ್ನು ನೀನೂ ಬಿಟ್ಟಿಯಾ ಐರಿನ್?"

ಮಮ್ಮಿ