ಬಿತ್ತನೆ ಶುಂಠಿಗೆ ಬೀಗ ಹಾಕಿದವರಿಗೆ

ತೆರಿಗೆ ವಸೂಲಿ ಅಧಿಕಾರಿಗಳಿಗೆ,

ಮಾನ್ಯರೇ, ತೀರ್ಪು ಬರುವ ಮೊದಲೇ ಶಿಕ್ಷೆ ಜಾರಿ ಮಾಡುವ ವಿದ್ಯೆಯನ್ನು ತಾವು ಎಲ್ಲಿ ಕಲಿತಿರಿ? ನನ್ನ ಮೇಲೆ ಹೊರಿಸಿದ ತೆರಿಗೆ ತಪ್ಪೆಂದು ಮೇಲ್ಮನವಿ ಸಲ್ಲಿಸಿದ್ದೇನೆ. ಅದು ಮುಗಿಯುವವರೆಗೆ ವಸೂಲಿಗೆ ಸ್ಟೇ ಕೊಡಿ ಎಂದೂ ಬೇಡಿಕೊಂಡಿದ್ದೇನೆ. ವಿಚಾರಣೆ ಇನ್ನೂ ಶುರುವಾಗಿಲ್ಲ, ನಿಮ್ಮ ಬೀಗ ಮಾತ್ರ ಪೆರಿಕಲ್ಲೂರಿನ ನನ್ನ ಶೆಡ್ಡಿಗೆ ಬಂದು ಕೂತಿದೆ. ಇಲ್ಲಿನ ಕಚೇರಿ ಭಾಷೆಯಾದ ಮಲಯಾಳದಲ್ಲಿ ಬರೆದ ಅರ್ಜಿಗಳಿಗೆ ಉತ್ತರ ಬರಲಿಲ್ಲ. ಈಗ ಮನೆಮಾತಾದ ಕನ್ನಡದಲ್ಲಿ, ಎಲ್ಲರೆದುರು ಕೇಳುತ್ತಿದ್ದೇನೆ.

ನನ್ನ ಅಪರಾಧವನ್ನು ನಾನೇ ಹೇಳಿಬಿಡುತ್ತೇನೆ. ನಮ್ಮ ಹೊಳೆದಂಡೆಯಲ್ಲಿ ಒಬ್ಬೊಬ್ಬರ ಶುಂಠಿಯಿಂದ ಒಂದು ಲಾರಿ ತುಂಬುವುದಿಲ್ಲ. ಹಾಗಾಗಿ ಕೇರಿಯವರೆಲ್ಲರ ಮಾಲು ಒಂದೇ ಲಾರಿ ಹತ್ತುತ್ತದೆ. ಮಾರಾಟದ ಚೀಟಿ ಒಬ್ಬರ ಹೆಸರಿಗೆ, ದುಡ್ಡು ಅವರ ಖಾತೆಗೆ, ಆಮೇಲೆ ಜಗಲಿಯಲ್ಲಿ ಕೂತು ಹಂಚಿಕೆ. ಆ ಒಬ್ಬಳು ನಾನು. "ಬ್ಯಾಂಕಿನೋರ ಹತ್ರ ಜಗಳ ಆಡೋಕೆ ನಿಂಗೆ ಬಾಯಿದೆ ಕಣೆ" ಅಂತ ಪಕ್ಕದ ಮನೆಯ ನಿಂಗಮ್ಮತ್ತೆಯೇ ನನ್ನನ್ನು ಆರಿಸಿದ್ದು. ಯಾರ ಪಾಲೆಷ್ಟು ಎಂದು ಬರೆದಿಡಬೇಕೆಂದು ಯಾರಿಗೂ ಹೊಳೆಯಲೇ ಇಲ್ಲ. ನೆರೆಹೊರೆಯವರ ಹತ್ತಿರ ರಶೀದಿ ಕೇಳಿದರೆ ಮರ್ಯಾದೆ ಉಳಿಯುತ್ತದೆಯೇ? ಅಷ್ಟೂ ದುಡ್ಡು ನನ್ನ ವ್ಯಾಪಾರದ ಲಾಭ ಎಂದು ಇಲಾಖೆ ತೀರ್ಮಾನಿಸಿತು. ಅಬ್ಬಬ್ಬಾ, ಕೂತಲ್ಲೇ ಶ್ರೀಮಂತಳಾದೆ!

ಇರಲಿ, ಅದನ್ನು ಮೇಲಿನವರು ತೂಗಲಿ. ನನ್ನ ಸಂಕಟ ಬೇರೆ. ಆ ಶೆಡ್ಡಿನಲ್ಲಿರುವುದು ಮಾರುವ ಶುಂಠಿಯಲ್ಲ, ಇಡೀ ಕೇರಿಯ ಬೀಜ. ಹೊಗೆ ಕೊಟ್ಟು, ಸೊಪ್ಪು ಮುಚ್ಚಿಟ್ಟ ಬೀಜವನ್ನು ಆಗಾಗ ಕೈಯಾಡಿಸಿ, ಕೊಳೆತದ್ದನ್ನು ಆರಿಸಿ ಎಸೆಯಬೇಕು. ಇಲ್ಲದಿದ್ದರೆ ಒಂದರ ಕೊಳೆ ಇನ್ನೊಂದಕ್ಕೆ ಹತ್ತುತ್ತದೆ. ನಮ್ಮ ಕೇರಿಯ ಕುಳ್ಳನ್ ಇಷ್ಟು ವರ್ಷ ಕೂಲಿಗೆ ಹೋಗುತ್ತಿದ್ದವನು, ಈ ಸಲ ಮೊದಲ ಬಾರಿಗೆ ಸ್ವಂತ ಬೇಸಾಯಕ್ಕೆ ತುಂಡು ನೆಲ ಗುತ್ತಿಗೆ ಹಿಡಿದಿದ್ದಾನೆ. ಬೀಗ ಹಾಕಲು ಬಂದ ನಿಮ್ಮ ಸಿಬ್ಬಂದಿಗೆ ಕೈಮುಗಿದು, "ಸಾರೇ, ನನ್ನ ಬೀಜ ಮಾತ್ರ ಬಿಡಿ" ಎಂದ. "ನಿನ್ನದು ಅನ್ನೋದಕ್ಕೆ ಕಾಗದ ತೋರಿಸು" ಎಂದರು. ಅವನು ನನ್ನ ಮುಖ ನೋಡಿದ. ನಾಚಿಕೆಯಿಂದ ನಾನು ತಲೆ ತಗ್ಗಿಸಿದೆ.

"ಗೆದ್ದರೆ ಎಲ್ಲ ವಾಪಸು ಸಿಗುತ್ತದಲ್ಲ" ಎಂದು ತಮ್ಮ ಕಚೇರಿಯಲ್ಲಿ ಸಮಾಧಾನ ಹೇಳಿದರು. ಏನು ವಾಪಸು ಕೊಡುತ್ತೀರಿ ಸ್ವಾಮಿ, ಕೊಳೆತ ಸೊಪ್ಪನ್ನೇ? ಊಟಕ್ಕಿಲ್ಲದ ಉಪ್ಪಿನಕಾಯಿ ಯಾತಕ್ಕೆ? ವಿಷು ಹಬ್ಬ ಕಳೆಯಿತು, ಬಿತ್ತನೆಯ ಹದಮಳೆಯೂ ಬಿತ್ತು, ಮಡಿ ಕಟ್ಟಿದ ನೆಲ ಖಾಲಿ ಬಿದ್ದಿದೆ. ನಿನ್ನೆ ನಿಂಗಮ್ಮತ್ತೆ ಶೆಡ್ಡಿನ ಸಂದಿಯಲ್ಲಿ ಇಣುಕಿ ಬಂದು, "ಲತಾ, ಬೀಜ ಒಳಗೇ ಮೊಳಕೆ ಒಡೀತಿದೆ, ಆ ಮೊಳಕೆಗಾದ್ರೂ ಸ್ಟೇ ಕೊಟ್ಟವ್ರಾ?" ಎಂದರು.

ಮೇಲ್ಮನವಿ ತೀರ್ಮಾನವಾಗುವವರೆಗೆ ವಸೂಲಿ ನಿಲ್ಲಿಸಿ, ಈ ವಾರವೇ ಶೆಡ್ಡು ತೆರೆಯಿರಿ. ಬೀಗ ಹಾಕಲೇಬೇಕೆಂದಿದ್ದರೆ ನನ್ನ ಮನೆಗೆ ಹಾಕಿ. ನಾನು ಶೆಡ್ಡಿನಲ್ಲಿ ಮಲಗುತ್ತೇನೆ. ಮನೆ ಕೊಳೆಯುವುದಿಲ್ಲ.

ಇಂತಿ,
ಕೇರಿಯ ಮಾಲಿಗೆ ಹೆಸರು ಕೊಟ್ಟು, ಕೇರಿಗೆ ಮುಖ ತೋರಿಸಲಾರದ
ಲತಾಮಣಿ, ಪೆರಿಕಲ್ಲೂರು